ಆಲ್-ವೀಲ್-ಡ್ರೈವ್ ಗಾಡಿಗೆ ತೆಳು ಸ್ಟೆಪ್ನಿ: ನೈಸ್ ರೋಡಿನ ಒಂದು ಪ್ರಕರಣ

ಗಾಡಿ ಐದು ಸೀಟಿನ ಪೆಟ್ರೋಲ್ ಎಸ್‌ಯುವಿ. ಆಟೋಮ್ಯಾಟಿಕ್ ಗೇರು, ಆಲ್-ವೀಲ್-ಡ್ರೈವ್. ಮಾಮೂಲಿ ಓಟದಲ್ಲಿ ಮುಂದಿನ ಚಕ್ರಗಳೇ ಎಳೆಯುತ್ತವೆ. ಪ್ರತಿ ಜೋಡಿ ಚಕ್ರದ ನಡುವೆ ಡಿಫರೆನ್ಷಿಯಲ್ ಇದೆ: ಎಡ, ಬಲ ಚಕ್ರಗಳು ಬೇರೆ ಬೇರೆ ವೇಗದಲ್ಲಿ ಸುತ್ತಲು ಬಿಡುವ ಗೇರುಗಳ ಜೋಡಣೆ. ಹಿಂದಿನ ಡಿಫರೆನ್ಷಿಯಲ್‌ನ ಮೂತಿಯಲ್ಲಿ ಕೂತಿರುವ ಬಹು-ಪ್ಲೇಟಿನ ಕ್ಲಚ್ ಕಪ್ಲಿಂಗ್ ಬೇಕಾದಾಗ ಬಿಗಿಯಾಗಿ ಹಿಂದಕ್ಕೂ ಶಕ್ತಿ ಕಳಿಸುತ್ತದೆ. ಟೈರ್ 235/55 ಆರ್18: ಅಗಲ 235 ಮಿ.ಮೀ., ಪಕ್ಕೆಯ ಎತ್ತರ ಅಗಲದ ಶೇ. 55, ರಿಮ್ಮಿನ ವ್ಯಾಸ 18 ಇಂಚು. ನಾಲ್ಕನ್ನೂ ಕಾಲಕಾಲಕ್ಕೆ ಅದಲುಬದಲು ಮಾಡಿಸಿದ್ದರಿಂದ ಎಲ್ಲದರಲ್ಲೂ ಟ್ರೆಡ್ (ನೆಲಕ್ಕೆ ತಾಗುವ ಮೈಯ ಗೀರುಗಳ ಆಳ) 4 ಮಿ.ಮೀ. ಆಸುಪಾಸಿನಲ್ಲಿತ್ತು. ಹೊಸದರಲ್ಲಿ ಅದು 8 ಮಿ.ಮೀ. ಇತ್ತು. ಡಿಕ್ಕಿಯ ಹಲಗೆ ಎತ್ತಿದರೆ ಟಿ145/85 ಆರ್18 ಅಳತೆಯ ತೆಳು ಸ್ಟೆಪ್ನಿ. ಅಳತೆಯ ಮುಂದಿರುವ ಟಿ ಅಕ್ಷರವೇ ಅದು ತಾತ್ಕಾಲಿಕದ್ದು ಎಂಬ ಗುರುತು.

ಮಳೆ ನಿಂತ ಸಂಜೆ. ಎಲೆಕ್ಟ್ರಾನಿಕ್ ಸಿಟಿಯಿಂದ ಬನಶಂಕರಿ ಕಡೆಗೆ ಬೆಂಗಳೂರಿನ ಹೊರವಲಯದ ನೈಸ್ ರೋಡಿನಲ್ಲಿ ಬರುವಾಗ, ಬನ್ನೇರುಘಟ್ಟ ರಸ್ತೆಯ ಜಂಕ್ಷನ್ ದಾಟಿದ ಮೇಲೆ, ಕಬ್ಬಿಣದ ತುಂಡೊಂದು ಮುಂದಿನ ಬಲ ಟೈರಿನ ಪಕ್ಕೆ ಸೀಳಿತು. ಸೀಳು ಸುಮಾರು 3 ಸೆಂ.ಮೀ. ಉದ್ದ, ಒಳಗಿನ ದಾರಗಳು ಕಾಣುವಷ್ಟು ಆಳ. ಇಂಥ ಸೀಳನ್ನು ಸೀಲಂಟ್ ಬಾಟಲಿಯೂ ಮುಚ್ಚುವುದಿಲ್ಲ, ಪಂಕ್ಚರ್ ಅಂಗಡಿಯ ಪ್ಲಗ್ಗೂ ಹಿಡಿಯುವುದಿಲ್ಲ. 2020ರ ನಿಯಮ ತಿದ್ದುಪಡಿಯ ನಂತರ, ಟೈರ್ ಒತ್ತಡದ ಎಚ್ಚರಿಕೆ ವ್ಯವಸ್ಥೆ ಮತ್ತು ರಿಪೇರಿ ಕಿಟ್ ಇದ್ದರೆ ಸಣ್ಣ ಪ್ರಯಾಣಿಕ ಗಾಡಿಗಳಿಗೆ ಸ್ಟೆಪ್ನಿ ಕಡ್ಡಾಯವಲ್ಲ. ಕಿಟ್ ಮಾತ್ರ ಇರುವ ಗಾಡಿಯಾಗಿದ್ದರೆ ಇಲ್ಲಿಗೇ ಟೋಯಿಂಗ್ ಗಾಡಿ ಕರೆಸಬೇಕಿತ್ತು. ಅದೂ ನಾಲ್ಕೂ ಚಕ್ರ ಮೇಲಿರುವ ಫ್ಲ್ಯಾಟ್‌ಬೆಡ್ಡೇ ಆಗಬೇಕು. ಎರಡು ಚಕ್ರ ಎತ್ತಿ ಎರಡನ್ನು ರಸ್ತೆಯ ಮೇಲೆ ಉರುಳಿಸಿಕೊಂಡು ಎಳೆದರೆ ಆಲ್-ವೀಲ್-ಡ್ರೈವ್ ಗಾಡಿಯ ಕಪ್ಲಿಂಗ್ ಸುಟ್ಟುಹೋಗುವ ಸಂಭವ ಇದೆ.

ನಿಲ್ಲಿಸುವ ಜಾಗ

ಹೋಗಿದ್ದು ಬಲಗಡೆಯ ಚಕ್ರ. ರಸ್ತೆಯ ಎಡ ಅಂಚಿಗೆ ಗಾಡಿ ಹಾಕಿದರೆ ಬಲಚಕ್ರದ ಹತ್ತಿರ ಕೂತವನ ಬೆನ್ನು ಓಡುವ ಲಾರಿಗಳ ಕಡೆಗಿರುತ್ತದೆ. ಹೇಗೂ ಪಕ್ಕೆ ಸೀಳಿ ಟೈರ್ ಹೋಗಿಯೇ ಬಿಟ್ಟಿತ್ತು, ಅದನ್ನು ಉಳಿಸುವ ಆಸೆಗೆ ಅಲ್ಲೇ ನಿಲ್ಲುವುದರಲ್ಲಿ ಅರ್ಥವಿರಲಿಲ್ಲ. ಓಡಿಸುತ್ತಿದ್ದವರು ಹಜಾರ್ಡ್ ದೀಪ ಹಾಕಿ, ನಡಿಗೆಯ ವೇಗದಲ್ಲಿ ಸುಮಾರು 200 ಮೀಟರ್ ಮುಂದೆ ತಂದು, ಅಂಚು ಅಗಲವಾಗಿದ್ದ ಕಡೆ ಬಿಳಿ ಗೆರೆಯಿಂದ ಎರಡು ಮೀಟರ್ ಒಳಗೆ ನಿಲ್ಲಿಸಿದರು. ಇಂಥ ಹೊತ್ತಿನಲ್ಲಿ ರಿಮ್ಮಿಗೆ ಗೀರು ಬಿದ್ದರೂ ಪರವಾಗಿಲ್ಲ. ಎಚ್ಚರಿಕೆಯ ಕೆಂಪು ತ್ರಿಕೋನವನ್ನು ಗಾಡಿಯ ಹಿಂದೆ ದಾಪುಗಾಲಿನಲ್ಲಿ ಎಣಿಸಿ 70–80 ಹೆಜ್ಜೆ ದೂರದಲ್ಲಿ ಇಟ್ಟರು. ವೇಗದ ರಸ್ತೆಯಲ್ಲಿ ಐದು ಮೀಟರ್ ಹಿಂದೆ ಇಟ್ಟ ತ್ರಿಕೋನ ಇಟ್ಟೂ ಇಡದಂತೆ. ಕೂತಿದ್ದವರೆಲ್ಲ ಎಡಗಡೆಯಿಂದ ಇಳಿದು ತಡೆಗೋಡೆಯ ಆಚೆ ನಿಂತರು.

ಗೇರು ‘ಪಿ’ಯಲ್ಲಿದೆ, ಇನ್ನೇನು ಎಂದು ಹೆಚ್ಚಿನವರು ಹ್ಯಾಂಡ್‌ಬ್ರೇಕ್ ಮರೆಯುತ್ತಾರೆ. ಈ ಬಗೆಯ ಗಾಡಿಯಲ್ಲಿ ‘ಪಿ’ ಹಿಡಿಯುವುದು ಗೇರ್‌ಬಾಕ್ಸಿನ ಹೊರದಂಡವನ್ನು, ಅದರ ಮೂಲಕ ಮುಂದಿನ ಡಿಫರೆನ್ಷಿಯಲ್ಲನ್ನು. ಮುಂದಿನ ಒಂದು ಚಕ್ರ ಗಾಳಿಯಲ್ಲಿ ತೂಗಿದ ಕೂಡಲೇ ಅದು ಹಿಮ್ಮುಖವಾಗಿ ತಿರುಗಬಲ್ಲದು, ನೆಲದ ಮೇಲಿರುವ ಜೊತೆ ಚಕ್ರ ಮುಮ್ಮುಖವಾಗಿ ಉರುಳಬಲ್ಲದು. ಆಗ ‘ಪಿ’ ಇದ್ದೂ ಪ್ರಯೋಜನವಿಲ್ಲ. ಗಾಡಿಯನ್ನು ಹಿಡಿದಿರುವುದು ಹಿಂದಿನ ಚಕ್ರಗಳ ಪಾರ್ಕಿಂಗ್ ಬ್ರೇಕ್ ಒಂದೇ. ಆದ್ದರಿಂದ ಬ್ರೇಕ್ ಎಳೆದು, ಕರ್ಣದ ಎದುರಿರುವ ಹಿಂದಿನ ಎಡಚಕ್ರಕ್ಕೆ ಮುಂದೆ ಒಂದು, ಹಿಂದೆ ಒಂದು ಕಲ್ಲು ಕೊಟ್ಟು, ಆಮೇಲೆ ಜಾಕಿಗೆ ಕೈಹಾಕಬೇಕು. ಚಕ್ರ ಮೇಲೆದ್ದಿರುವಾಗ ಇಂಜಿನ್ ಶುರು ಮಾಡುವುದಂತೂ ಬೇಡವೇ ಬೇಡ.

ಮಿಕ್ಕ ಕ್ರಮ ಎಲ್ಲ ಗಾಡಿಗೂ ಒಂದೇ. ಚಕ್ರ ನೆಲದಲ್ಲಿರುವಾಗಲೇ ಐದೂ ಬೋಲ್ಟನ್ನು ಅರ್ಧ ಸುತ್ತು ಸಡಿಲಿಸಿ. ಮಳೆಗೆ ನೆನೆದ ಮಣ್ಣಾದರೆ ಜಾಕಿಯ ಕೆಳಗೆ ಅಂಗೈಯಗಲದ್ದಲ್ಲ, ಒಂದಡಿ ಚದರದ ಪ್ಲೈವುಡ್ ತುಂಡು ಇಡಿ. ಬಿಚ್ಚಿದ ಚಕ್ರವನ್ನು ಬಾಗಿಲ ಕೆಳಗಿನ ಅಂಚಿನಡಿ ತಳ್ಳಿಡಿ, ಜಾಕಿ ಜಾರಿದರೂ ಗಾಡಿ ಅದರ ಮೇಲೆ ಕೂರುತ್ತದೆ. ಈ ಗಾಡಿಯಲ್ಲಿ ನಟ್ಟಿಲ್ಲ, ಬೋಲ್ಟು. ಚಕ್ರವನ್ನು ತೂಗುಹಾಕಲು ಸ್ಟಡ್ ಇರುವುದಿಲ್ಲವಾದ್ದರಿಂದ ಒಂದು ಕೈಯಲ್ಲಿ ಚಕ್ರ, ಇನ್ನೊಂದು ಕೈಯಲ್ಲಿ ಬೋಲ್ಟ್ ಹಿಡಿದು ತೂತು ಹುಡುಕಬೇಕು. ಟೂಲ್ ಕಿಟ್ಟಿನಲ್ಲಿ ಪ್ಲಾಸ್ಟಿಕ್ ಪಿನ್ನೊಂದು ಇರುತ್ತದೆ. ಅದನ್ನು ಮೇಲಿನ ತೂತಿಗೆ ತಿರುಗಿಸಿ ಅದರ ಮೇಲೆ ಚಕ್ರ ಜಾರಿಸಿದರೆ ಒದ್ದಾಟ ಅರ್ಧ ಕಡಿಮೆ. ಬಿಗಿತ 140 ನ್ಯೂಟನ್-ಮೀಟರ್. ಅಂದರೆ 30 ಸೆಂ.ಮೀ. ಉದ್ದದ ಸ್ಪ್ಯಾನರಿನ ತುದಿಗೆ ಸುಮಾರು 48 ಕೆ.ಜಿ. ಭಾರ ಬಿದ್ದಷ್ಟು. ನಿಮ್ಮ ಗಾಡಿಗೆ ಎಷ್ಟು, ಸ್ಟೆಪ್ನಿಯ ಉಕ್ಕಿನ ರಿಮ್ಮಿಗೆ ಬೇರೆ ಬೋಲ್ಟ್ ಬೇಕೇ ಎಂಬುದನ್ನು ಕೈಪಿಡಿಯಲ್ಲಿ ಮೊದಲೇ ನೋಡಿಟ್ಟುಕೊಳ್ಳಿ. ಹೊರಗಿನಿಂದ ಅಲಾಯ್ ಹಾಕಿಸಿದವರಂತೂ ತಪ್ಪದೆ ನೋಡಬೇಕು.

ಸ್ಟೆಪ್ನಿಯ ಗಾಳಿ, ವಯಸ್ಸು

ಸ್ಟೆಪ್ನಿಯ ಪಕ್ಕೆಯ ಮೇಲೆ ಅಚ್ಚಾಗಿದ್ದ ಒತ್ತಡ 420 ಕಿಲೋಪಾಸ್ಕಲ್, ಎಂದರೆ 60 ಪಿಎಸ್‌ಐ. ಗೇಜ್ ಇಟ್ಟಾಗ ಸಿಕ್ಕಿದ್ದು 31. ಉಳಿದ ನಾಲ್ಕು ಟೈರಿಗೆ 33 ತುಂಬಿಸುವವರ ಕಣ್ಣಿಗೆ 31 ಅಂದರೆ ಸರಿಯೇ ಇದೆ ಅನ್ನಿಸುತ್ತದೆ. ವಾಸ್ತವದಲ್ಲಿ ಅದು ಅರ್ಧ ಖಾಲಿ ಟೈರು. ತೆಳು ಸ್ಟೆಪ್ನಿಯೊಳಗೆ ಗಾಳಿಗಿರುವ ಜಾಗ ಕಡಿಮೆ, ಆ ಕಡಿಮೆ ಗಾಳಿ ಅಷ್ಟೇ ಭಾರ ಹೊರಬೇಕಾದರೆ ಒತ್ತಡ ಹೆಚ್ಚೇ ಬೇಕು. 31ರಲ್ಲಿ ಓಡಿಸಿದರೆ ಪಕ್ಕೆ ಮಡಚಿ ಬಿಸಿಯೇರುತ್ತದೆ, ಟೈರಿನ ಉರುಳುವ ಅಳತೆಯೂ ಇನ್ನಷ್ಟು ಕುಗ್ಗುತ್ತದೆ. ಈ ಎರಡನೆಯದು ಆಲ್-ವೀಲ್-ಡ್ರೈವ್‌ಗೆ ನೇರ ಪೆಟ್ಟು.

12 ವೋಲ್ಟಿನ ಪಂಪು ಜೊತೆಗಿತ್ತು. ಐದಾರು ನಿಮಿಷದಲ್ಲಿ 60 ಮುಟ್ಟಿತು. ಪಂಪಿಲ್ಲದವರು ಬಂಕಿಗೆ ಹೋದರೆ ಗಾಳಿ ಹಿಡಿಯುವ ಹುಡುಗ ಅಭ್ಯಾಸದಂತೆ 33 ಇಟ್ಟು ಪೈಪ್ ಚುಚ್ಚುತ್ತಾನೆ. ಅರವತ್ತು ಅಂದರೆ “ಅರವತ್ತಾ? ಲಾರಿಗಾ ಸಾರ್?” ಎಂದು ನಗುತ್ತಾನೆ. ಪಕ್ಕೆಯ ಮೇಲಿನ ಬರಹ ತೋರಿಸಿ ಅಷ್ಟೇ ಹೊಡೆಸಿಕೊಳ್ಳಿ.

ಟೈರಿನ ತಯಾರಿಕೆಯ ಗುರುತು 2317, ಅಂದರೆ 2017ರ 23ನೇ ವಾರ. ಎಂದೂ ಬಳಸಿರದ ಟೈರಾದರೂ ರಬ್ಬರಿಗೆ ವಯಸ್ಸಾಗುತ್ತದೆ. ಐದು ವರ್ಷ ದಾಟಿದ ಟೈರನ್ನು ವರ್ಷಕ್ಕೊಮ್ಮೆ ಪರೀಕ್ಷಿಸಿ, ಹತ್ತಾದ ಮೇಲೆ ಎಷ್ಟೇ ಚೆನ್ನಾಗಿ ಕಂಡರೂ ಬದಲಿಸಿ ಎನ್ನುವುದು ಟೈರ್ ಕಂಪನಿಗಳ ಸಲಹೆ. ಪಕ್ಕೆಯಲ್ಲಿ ಬಿರುಕು ಇರಲಿಲ್ಲವಾದ್ದರಿಂದ ಮನೆ ತಲುಪಲು ಸಾಕು ಎಂದು ತೀರ್ಮಾನವಾಯಿತು. ಬರಹದಲ್ಲಿ 103ಎಂ ಎಂದೂ ಇತ್ತು: 103 ಅಂದರೆ 875 ಕೆ.ಜಿ. ಭಾರ, ಎಂ ಅಂದರೆ 130 ಕಿ.ಮೀ. ವೇಗ. ಅದನ್ನು ಓದಿ 100ರಲ್ಲಿ ಹೋಗಬಹುದಲ್ಲ ಎಂದು ಯಾರೂ ಲೆಕ್ಕ ಹಾಕಬಾರದು. ರಿಮ್ಮಿನ ಮೇಲೆ ಅಂಟಿಸಿದ 80 ಕಿ.ಮೀ. ಸ್ಟಿಕ್ಕರೇ ಅಂತಿಮ. ಅದು ಟೈರ್ ಸಿಡಿಯುವ ವೇಗದ ಲೆಕ್ಕವಲ್ಲ, ಮೂರು ಅಗಲ ಟೈರು ಒಂದು ತೆಳು ಟೈರು ಇರುವ ಗಾಡಿ ಬ್ರೇಕಿಗೂ ಸ್ಟೀರಿಂಗಿಗೂ ಹೇಗೆ ಬಗ್ಗುತ್ತದೆ ಎಂಬುದರ ಲೆಕ್ಕ.

ಮುಂದೆಯೋ ಹಿಂದೆಯೋ

ಹೋಗಿದ್ದು ಮುಂದಿನ ಚಕ್ರವಾದರೂ ಸ್ಟೆಪ್ನಿ ಇರಬೇಕಾದ ಜಾಗ ಈ ಗಾಡಿಯಲ್ಲಿ ಹಿಂದೆ. ಬ್ರೇಕ್ ಒತ್ತಿದಾಗ ಭಾರವೆಲ್ಲ ಮುಂದಕ್ಕೆ ಬರುತ್ತದೆ, ತಿರುಗಿಸುವುದೂ ಮುಂದಿನ ಚಕ್ರಗಳೇ, ಎಳೆಯುವುದೂ ಅವೇ. ಇಷ್ಟೂ ಕೆಲಸವನ್ನು 145 ಮಿ.ಮೀ. ಅಗಲದ ಟೈರಿಗೆ ಒಪ್ಪಿಸುವುದು ತರವಲ್ಲ. ಕೆಲವು ಗಾಡಿಗಳಲ್ಲಿ ಮುಂದಿನ ಬ್ರೇಕಿನ ದೊಡ್ಡ ಕ್ಯಾಲಿಪರಿಗೆ ಸ್ಟೆಪ್ನಿಯ ರಿಮ್ಮು ತಾಗುವುದೂ ಉಂಟು.

ಇನ್ನೊಂದು ಕಾರಣ ಕಪ್ಲಿಂಗಿನದು. ಚಿಕ್ಕ ಟೈರು ಉಳಿದವಕ್ಕಿಂತ ಜೋರಾಗಿ ಸುತ್ತುತ್ತದೆ. ಅದು ಮುಂದಿದ್ದರೆ ಗಾಡಿಯ ಕಂಪ್ಯೂಟರಿಗೆ ಮುಂದಿನ ಚಕ್ರ ಜಾರುತ್ತಿರುವಂತೆ ಕಾಣುತ್ತದೆ, ಹಿಂದಕ್ಕೆ ಶಕ್ತಿ ಕಳಿಸಲು ಕ್ಲಚ್ ಪ್ಲೇಟುಗಳನ್ನು ಒತ್ತುತ್ತದೆ. ಹಿಂದಿದ್ದರೆ ಆ ಭ್ರಮೆ ಹುಟ್ಟುವುದಿಲ್ಲ.

ಇದು ಮುಂದಿನ ಚಕ್ರ ಎಳೆಯುವ ಮೂಲದ ಗಾಡಿಗಳ ಮಾತು. ಹಿಂದಿನ ಡಿಫರೆನ್ಷಿಯಲ್ ಲಿಮಿಟೆಡ್-ಸ್ಲಿಪ್ ಬಗೆಯದಾಗಿದ್ದರೆ (ಎಡಬಲ ಚಕ್ರಗಳ ವೇಗ ತೀರ ಬೇರೆಯಾಗದಂತೆ ಹಿಡಿಯುವಂಥದ್ದು) ಹಿಂದೆ ಹಾಕುವುದೇ ತಪ್ಪು: ಎಡಬಲದ ವ್ಯತ್ಯಾಸವನ್ನು ಅದರೊಳಗಿನ ಕ್ಲಚ್ಚುಗಳು ತಿನ್ನುತ್ತ ಹೋಗಬೇಕಾಗುತ್ತದೆ. ಕೆಲವು ಹಳೆಯ ಸುಬಾರು ಆಟೋಮ್ಯಾಟಿಕ್ ಗಾಡಿಗಳಲ್ಲಿ ಸ್ಟೆಪ್ನಿ ಹಾಕಿದಾಗ ಬಾನೆಟ್ಟಿನಡಿ ಒಂದು ಫ್ಯೂಸ್ ಸಿಕ್ಕಿಸಿ ಹಿಂದಿನ ಎಳೆತವನ್ನೇ ಬಂದ್ ಮಾಡುವ ಏರ್ಪಾಡಿತ್ತು. ಎಲ್ಲರೂ ಅಷ್ಟು ಅಚ್ಚುಕಟ್ಟಾಗಿ ಯೋಚಿಸಿದ್ದರೆ ಚೆನ್ನಾಗಿತ್ತು. ಥಾರ್, ಜಿಮ್ನಿಯಂಥ ಗಾಡಿಗಳ ಬೆನ್ನಿಗೆ ಪೂರ್ತಿ ಅಳತೆಯ ಸ್ಟೆಪ್ನಿಯೇ ಇರುತ್ತದೆ. ಅಲ್ಲಿ ಗೇರು ಎರಡೇ ಚಕ್ರ ಎಳೆಯುವ 2ಎಚ್‌ನಲ್ಲಿದ್ದರೆ ಸಾಕು, ಈ ತಲೆನೋವಿಲ್ಲ.

ಆದರೆ ಎರಡು ಚಕ್ರ ಬಿಚ್ಚಿ ಹಾಕುವುದೆಂದರೆ ರಸ್ತೆಯಂಚಿನಲ್ಲಿ ಎರಡರಷ್ಟು ಹೊತ್ತು. ಕತ್ತಲಾಗುತ್ತಿದ್ದ ನೈಸ್ ರೋಡಿನಲ್ಲಿ ಅದು ಬುದ್ಧಿವಂತಿಕೆಯಲ್ಲ. ಸ್ಟೆಪ್ನಿಯನ್ನು ಮೊದಲು ಮುಂದಿನ ಬಲಕ್ಕೇ ಹಾಕಿ, 40ರ ವೇಗದಲ್ಲಿ ಮೂರು ಕಿ.ಮೀ. ಬಂದು, ಕನಕಪುರ ರಸ್ತೆಗೆ ಇಳಿದು, ತಲಘಟ್ಟಪುರದ ಹತ್ತಿರ ದೀಪವಿದ್ದ ಸಮತಟ್ಟು ಜಾಗದಲ್ಲಿ ಎರಡನೆಯ ಕೆಲಸ ಮಾಡಿದರು: ಸ್ಟೆಪ್ನಿ ಮುಂದಿನಿಂದ ಹಿಂದಕ್ಕೆ, ಹಿಂದಿನ ಬಲದ ಒಳ್ಳೆಯ ಟೈರು ಮುಂದಕ್ಕೆ. ಒಂದೇ ಜಾಕಿಯಲ್ಲಿ ಇದನ್ನು ಮಾಡಲು ಹರಿದ ಟೈರಿನ ಚಕ್ರ ನೆರವಾಯಿತು. ಹಿಂದೆ ಎತ್ತಿ ಒಳ್ಳೆಯ ಚಕ್ರ ತೆಗೆದು, ಆ ಜಾಗಕ್ಕೆ ಹರಿದದ್ದನ್ನು ತಾತ್ಕಾಲಿಕವಾಗಿ ಬೋಲ್ಟ್ ಮಾಡಿ ಇಳಿಸಿದರು. ಮುಂದೆ ಎತ್ತಿ ಸ್ಟೆಪ್ನಿ ತೆಗೆದು ಒಳ್ಳೆಯದನ್ನು ಹಾಕಿದರು. ಮತ್ತೆ ಹಿಂದೆ ಎತ್ತಿ ಹರಿದದ್ದರ ಜಾಗಕ್ಕೆ ಸ್ಟೆಪ್ನಿ.

ಹರಿದ ಚಕ್ರ ಸ್ಟೆಪ್ನಿಯ ಗುಂಡಿಯಲ್ಲಿ ಕೂರುವುದಿಲ್ಲ, ಅಗಲ ಜಾಸ್ತಿ. ಡಿಕ್ಕಿಯಲ್ಲಿ ಹಳೆಯ ಬೆಡ್‌ಶೀಟ್ ಹಾಸಿ ಮಲಗಿಸಬೇಕು. ಬ್ರೇಕ್ ಹಾಕಿದಾಗ ಮುಂದಕ್ಕೆ ಹಾರದಂತೆ ಕಟ್ಟಬೇಕು, ರಿಮ್ ಸಮೇತ ಅದು 20 ಕೆ.ಜಿ. ದಾಟುತ್ತದೆ.

ವ್ಯತ್ಯಾಸದ ಲೆಕ್ಕ

ಹೊಸ 235/55 ಆರ್18 ಟೈರಿನ ವ್ಯಾಸ 715.7 ಮಿ.ಮೀ. ಟ್ರೆಡ್ 4 ಮಿ.ಮೀ. ಸವೆದರೆ ವ್ಯಾಸ 8 ಮಿ.ಮೀ. ಇಳಿದು 707.7. ಸ್ಟೆಪ್ನಿಯ ವ್ಯಾಸ 703.7. ಇದನ್ನು ಕಿಲೋಮೀಟರಿಗೆ ಎಷ್ಟು ಸುತ್ತು ಎಂದು ತಿರುಗಿಸಿ ನೋಡಿದರೆ: ಗಾಡಿಯಲ್ಲಿದ್ದ ಸವೆದ ಟೈರು 449.8 ಸುತ್ತು, ಸ್ಟೆಪ್ನಿ 452.3 ಸುತ್ತು, ಅಂಗಡಿಯಿಂದ ತಂದ ಹೊಚ್ಚ ಹೊಸ ಟೈರು 444.8 ಸುತ್ತು. ಭಾರ ಬಿದ್ದು ಟೈರು ಚಪ್ಪಟೆಯಾದಾಗ ಅಂಕಿಗಳು ಸ್ವಲ್ಪ ಏರುತ್ತವೆ. ಹೋಲಿಕೆಗೆ ಇಷ್ಟು ಸಾಕು.

ಸವೆದ ಟೈರಿಗೂ ಸ್ಟೆಪ್ನಿಗೂ ಕಿ.ಮೀ.ಗೆ ಎರಡೂವರೆ ಸುತ್ತಿನ ವ್ಯತ್ಯಾಸ. ಸವೆದ ಟೈರಿಗೂ ಅದೇ ಕಂಪನಿಯ, ಅದೇ ಅಳತೆಯ ಹೊಸ ಟೈರಿಗೂ ಐದು ಸುತ್ತು. ಎಲ್ಲರೂ ಹೆದರುವ ಸ್ಟೆಪ್ನಿಗಿಂತ ಯಾರೂ ಹೆದರದ ಹೊಸ ಟೈರು ಎರಡರಷ್ಟು ಬೇರೆ. ಸ್ಟೆಪ್ನಿಯಲ್ಲಿ ಓಡುವುದು ಇಪ್ಪತ್ತು ಕಿ.ಮೀ., ಒಟ್ಟು ಐವತ್ತು ಸುತ್ತಿನ ವ್ಯತ್ಯಾಸ. ಒಂದೇ ಹೊಸ ಟೈರು ಹಾಕಿಸಿ 10,000 ಕಿ.ಮೀ. ಓಡಿಸಿದರೆ ಐವತ್ತು ಸಾವಿರ ಸುತ್ತು.

ಆಲ್-ವೀಲ್-ಡ್ರೈವ್ ಅಲ್ಲದ ಗಾಡಿಯಲ್ಲಿ ಇದನ್ನು ಡಿಫರೆನ್ಷಿಯಲ್ ಒಂದೇ ನುಂಗಿಕೊಳ್ಳುತ್ತದೆ. ಸಾಧಾರಣ ಡಿಫರೆನ್ಷಿಯಲ್ಲಿಗೆ ಕಿ.ಮೀ.ಗೆ ಐದು ಸುತ್ತು ದೊಡ್ಡ ವಿಷಯವಲ್ಲ. ಇಲ್ಲಿ ಮುಂದಿನ ಜೋಡಿಗೂ ಹಿಂದಿನ ಜೋಡಿಗೂ ನಡುವೆ ಕ್ಲಚ್ ಪ್ಲೇಟುಗಳಿವೆ. ಜೋಡಿಯ ಸರಾಸರಿಯಲ್ಲಿ ಎಷ್ಟು ವ್ಯತ್ಯಾಸ ಬಂತೋ ಅದು ಹಿಂದಕ್ಕೆ ಶಕ್ತಿ ಒಯ್ಯುವ ಉದ್ದದಂಡದ ಗೇರು ಅನುಪಾತದಷ್ಟು ಹಿಗ್ಗಿ ಆ ಪ್ಲೇಟುಗಳ ನಡುವೆ ಜಾರುವಿಕೆಯಾಗುತ್ತದೆ. ಪ್ಲೇಟು ಸಡಿಲವಾಗಿದ್ದಾಗ ಜಾರಿದರೆ ಏನೂ ಆಗದು. ಸಿಗ್ನಲ್ಲಿನಿಂದ ಜೋರಾಗಿ ಹೊರಟಾಗ, ಒದ್ದೆ ಏರಿನಲ್ಲಿ, ಅದು ಬಿಗಿಯಾಗಿರುವಾಗಲೇ ಜಾರಬೇಕಾಗುತ್ತದೆ, ಆಗಲೇ ಬಿಸಿ. ಕಪ್ಲಿಂಗಿನಲ್ಲಿರುವ ಎಣ್ಣೆ ಒಂದು ಲೀಟರಿಗೂ ಕಡಿಮೆ, ಬಿಸಿ ಹೀರಿಕೊಳ್ಳಲು ಅದಕ್ಕೆ ಹೆಚ್ಚು ಶಕ್ತಿಯಿಲ್ಲ. ಸಣ್ಣ ವ್ಯತ್ಯಾಸವನ್ನು ಈಗಿನ ಕಂಪ್ಯೂಟರುಗಳು ಕಲಿತು ಹೊಂದಿಕೊಳ್ಳುತ್ತವೆ, ನಿಜ. ಎಷ್ಟರವರೆಗೆ ಎಂಬ ಮಿತಿ ಗಾಡಿಯಿಂದ ಗಾಡಿಗೆ ಬೇರೆ. ಸುಬಾರು ನಾಲ್ಕೂ ಟೈರಿನ ಸುತ್ತಳತೆ ಕಾಲು ಇಂಚಿನೊಳಗೆ, ಅಂದರೆ 6.4 ಮಿ.ಮೀ. ಒಳಗೆ, ಹೊಂದಿರಬೇಕು ಎನ್ನುತ್ತದೆ. ಟ್ರೆಡ್ಡಿನಲ್ಲಿ ಅದು ಬರೀ ಒಂದು ಮಿ.ಮೀ. ನಮ್ಮ ಪ್ರಕರಣದ ಹೊಸ ಟೈರಿನ ಸುತ್ತಳತೆ 25 ಮಿ.ಮೀ. ಜಾಸ್ತಿ.

ಮನೆಯವರೆಗೆ

ಕನಕಪುರ ರಸ್ತೆಯಲ್ಲಿ ಬನಶಂಕರಿಯವರೆಗೆ ಹತ್ತು ಕಿ.ಮೀ., ವೇಗ 40ರಿಂದ 50. ಡ್ರೈವ್ ಮೋಡ್ ‘ನಾರ್ಮಲ್’. ‘ಆಫ್-ರೋಡ್’ ಅಥವಾ ‘ಲಾಕ್’ ಒತ್ತಿದರೆ ಕಪ್ಲಿಂಗ್ ಮೊದಲೇ ಬಿಗಿದುಕೊಳ್ಳುತ್ತದೆ, ಅದನ್ನು ಮುಟ್ಟುವಂತಿಲ್ಲ. ಕ್ರೂಸ್ ಕಂಟ್ರೋಲ್ ಬೇಡ. ಗಾಡಿ ಅಡ್ಡಜಾರದಂತೆ ತಡೆಯುವ ಸ್ಟೆಬಿಲಿಟಿ ಕಂಟ್ರೋಲ್ ಮಾತ್ರ ಆನ್ ಇರಲಿ, ದೀಪ ಮಿಣುಕಿತೆಂದು ಆಫ್ ಮಾಡಬೇಡಿ. ಟೈರ್ ಒತ್ತಡದ ದೀಪ ಹೇಗೂ ಹೊತ್ತಿರುತ್ತದೆ, ಸ್ಟೆಪ್ನಿ ಇರುವಾಗ ಅದನ್ನು ರೀಸೆಟ್ ಮಾಡಿದರೆ ವ್ಯವಸ್ಥೆ ತಪ್ಪು ಅಳತೆಯನ್ನೇ ಸರಿ ಎಂದು ಕಲಿಯುತ್ತದೆ. ಸಿಗ್ನಲ್ಲಿನಲ್ಲಿ ಮೆಲ್ಲಗೆ ಹೊರಡುವುದು, ಮುಂದಿನ ಗಾಡಿಗೆ ಎರಡರಷ್ಟು ಅಂತರ. 60 ಪಿಎಸ್‌ಐನ ತೆಳು ಟೈರು ಕಲ್ಲಿನಷ್ಟು ಗಟ್ಟಿ, ನೀರು ತುಂಬಿದ ಗುಂಡಿಯ ಅಂಚಿಗೆ ಬಡಿದರೆ ರಿಮ್ ಬಾಗುತ್ತದೆ.

ಗಮನಿಸಬೇಕಾದ ಲಕ್ಷಣಗಳು: ನಿಧಾನವಾಗಿ ಪೂರ್ತಿ ಸ್ಟೀರಿಂಗ್ ತಿರುಗಿಸಿ ಪಾರ್ಕ್ ಮಾಡುವಾಗ ಗಾಡಿ ಕುಕ್ಕುವುದು, ಹಿಂದಿನಿಂದ ಸುಟ್ಟ ವಾಸನೆ, ಆಲ್-ವೀಲ್-ಡ್ರೈವ್ ಬಿಸಿಯಾಗಿದೆ ಎಂಬ ಸಂದೇಶ. ಯಾವುದು ಕಂಡರೂ ನಿಲ್ಲಿಸಿ ತಣಿಯಲು ಬಿಡಬೇಕು. ಈ ಗಾಡಿಯಲ್ಲಿ ಯಾವುದೂ ಕಾಣಲಿಲ್ಲ.

ಜೆ.ಸಿ. ರೋಡಿನ ಆಯ್ಕೆ

ಮರುದಿನ ಜೆ.ಸಿ. ರೋಡಿನ ಟೈರ್ ಅಂಗಡಿ. “ಒಂದೇ ಸಾಕು ಸಾರ್, ಮಿಕ್ಕಿದ್ದು ಇನ್ನೂ ಹದಿನೈದು ಸಾವಿರ ಓಡುತ್ತೆ.” ಸಾಮಾನ್ಯ ಗಾಡಿಗೆ ಅದು ಪ್ರಾಮಾಣಿಕ ಸಲಹೆಯೇ. ಕಾನೂನಿನ ಕನಿಷ್ಠ ಟ್ರೆಡ್ 1.6 ಮಿ.ಮೀ., ಉಳಿದ ಮೂರರಲ್ಲಿ ಇನ್ನೂ 2.4 ಮಿ.ಮೀ. ಸವೆಯಲು ಬಾಕಿಯಿತ್ತು.

ಎರಡನೆಯ ಸಲಹೆ ಜೋಡಿ ಬದಲಿಸಿ ಹಿಂದೆ ಹಾಕುವುದು. ಒದ್ದೆ ರಸ್ತೆಯಲ್ಲಿ ಹಿಂಭಾಗ ಜಾರದಿರಲು ಇದು ಒಳ್ಳೆಯ ಮಾತು, ಎಡಬಲದ ವ್ಯತ್ಯಾಸವೂ ಹೋಗುತ್ತದೆ. ಆದರೆ ಕಪ್ಲಿಂಗಿನ ದೃಷ್ಟಿಯಲ್ಲಿ ಇದು ಒಂದು ಟೈರು ಬದಲಿಸಿದ್ದಕ್ಕಿಂತ ಕೆಟ್ಟದು. ಒಂದೇ ಹೊಸದಿದ್ದಾಗ ಹಿಂದಿನ ಜೋಡಿಯ ಸರಾಸರಿ ಎರಡೂವರೆ ಸುತ್ತು ಇಳಿಯುತ್ತದೆ. ಎರಡೂ ಹೊಸದಾದರೆ ಪೂರ್ತಿ ಐದು. ಅದರ ಮೇಲೆ, ಹಿಂದಿನ ದೊಡ್ಡ ಟೈರು ನಿಧಾನ ಸುತ್ತುವುದರಿಂದ ಮುಂದಿನವು ಜಾರುತ್ತಿವೆ ಎಂಬ ಅದೇ ಭ್ರಮೆ ಕಂಪ್ಯೂಟರಿಗೆ ಮತ್ತೆ ಬರುತ್ತದೆ, ಈ ಸಲ ವರ್ಷಗಟ್ಟಲೆ.

ಅದೇ ಮಾದರಿಯ, 4 ಮಿ.ಮೀ. ಟ್ರೆಡ್ಡಿನ ಸೆಕೆಂಡ್‌ಹ್ಯಾಂಡ್ ಟೈರು ಸಿಕ್ಕಿದ್ದರೆ ಅದೇ ಎಲ್ಲಕ್ಕಿಂತ ಅಗ್ಗದ, ಸರಿಯಾದ ಪರಿಹಾರ. ಹುಡುಕಿದಾಗ ಒಂದು ಸಿಕ್ಕಿತು. ಒಳಗೆ ಕೈಯಾಡಿಸಿದರೆ ಪಕ್ಕೆಯ ಹತ್ತಿರ ಪ್ಯಾಚು. ಬಿಟ್ಟರು. ಹೊಸ ಟೈರಿನ ಟ್ರೆಡ್ಡನ್ನು ಯಂತ್ರದಲ್ಲಿ ಹೆರೆದು ಹಳೆಯದಕ್ಕೆ ಸರಿಹೊಂದಿಸುವ ಪದ್ಧತಿ ಅಮೆರಿಕದಲ್ಲಿದೆ, ನಮ್ಮಲ್ಲಿ ವಾಡಿಕೆಯಿಲ್ಲ. ಕೊನೆಗೆ ನಾಲ್ಕೂ ಹೊಸದು ಹಾಕಿಸಿ, ಮೂರು ಹಳೆಯದನ್ನು ಅಂಗಡಿಗೇ ಕೊಟ್ಟರು. ಟ್ರೆಡ್ 6.5–7 ಮಿ.ಮೀ. ಇದ್ದ ಗಾಡಿಯಾಗಿದ್ದರೆ ಒಂದೇ ಬದಲಿಸಿ ಎನ್ನಬಹುದಿತ್ತು. ನಡುವಿನ 5–6 ಮಿ.ಮೀ. ಇರುವವರು ತಯಾರಕರ ಮಿತಿ ಕೇಳದೆ ನಿರ್ಧರಿಸಬಾರದು.

ಟ್ರೆಡ್ ಗೇಜಿಗಿಂತ ಸುತ್ತಳತೆ ನಂಬಿಕಸ್ಥ. ಟೇಲರ್ ಟೇಪು ಒಂದೂವರೆ ಮೀಟರಿಗೆ ಮುಗಿಯುತ್ತದೆ, ಈ ಟೈರಿನ ಸುತ್ತಳತೆ ಎರಡೂಕಾಲು ಮೀಟರಿನ ಹತ್ತಿರ. ಹಿಗ್ಗದ ದಾರವನ್ನು ಟ್ರೆಡ್ಡಿನ ನಟ್ಟನಡುವೆ ಸುತ್ತಿ, ಕೂಡಿದ ಕಡೆ ಪೆನ್ನಿನಲ್ಲಿ ಗುರುತಿಟ್ಟು, ನೆಲದಲ್ಲಿ ಎಳೆದು ಸ್ಟೀಲ್ ಟೇಪಿನಲ್ಲಿ ಅಳೆಯಬೇಕು. ನಾಲ್ಕಕ್ಕೂ ಒಂದೇ ಗಾಳಿ ಇರಬೇಕು, ಟೈರು ತಣ್ಣಗಿರಬೇಕು, ಚಕ್ರ ನೆಲದಿಂದ ಮೇಲಿರಬೇಕು.

ಬಿಲ್ಲು ಕೊಡುವ ಮೊದಲು ಅಂಗಡಿಯಲ್ಲೇ ಮೂರು ಕೆಲಸ ಆದವು: ಅಂಗಡಿಯ ಗಾಳಿ ಗನ್ನಿನಿಂದ ಬಿಗಿದ ಬೋಲ್ಟುಗಳನ್ನು ಸಡಿಲಿಸಿ ಟಾರ್ಕ್ ರೆಂಚಿನಲ್ಲಿ 140ಕ್ಕೆ ಮತ್ತೆ ಬಿಗಿದದ್ದು, ನಾಲ್ಕಕ್ಕೂ ಗಾಳಿ ಸರಿಮಾಡಿ ಒತ್ತಡದ ದೀಪ ರೀಸೆಟ್ ಮಾಡಿದ್ದು, 2017ರ ಸ್ಟೆಪ್ನಿ ಟೈರನ್ನು ಬದಲಿಸಲು ಆರ್ಡರ್ ಕೊಟ್ಟದ್ದು. 50ರಿಂದ 100 ಕಿ.ಮೀ. ಓಡಿದ ಮೇಲೆ ಬೋಲ್ಟುಗಳನ್ನು ಇನ್ನೊಮ್ಮೆ ನೋಡಬೇಕು. ಹೊಸ ಸ್ಟೆಪ್ನಿ ಬಂದಾಗ 60 ಪಿಎಸ್‌ಐ ತುಂಬಿಸಿ, ವಾಲ್ವು ಮೇಲ್ಮುಖವಾಗಿರುವಂತೆ ಗುಂಡಿಯಲ್ಲಿಡಿ. ಆಗ ತಿಂಗಳಿಗೊಮ್ಮೆ ಗೇಜ್ ಇಡಲು ಅದನ್ನು ಹೊರಗೆ ಎತ್ತಬೇಕಾಗಿಲ್ಲ.